ಡಿ ಡ್ರೈವಲ್ಲಿ ಆಟ ಇದೆ, ಲಾಂಚರ್‌ಗೆ ಮಾತ್ರ ಕಾಣುತ್ತಿಲ್ಲ: ನನ್ನ ಅನುಭವ

ಬೂಟ್ ಎಸ್‌ಎಸ್‌ಡಿ, ಅಂದರೆ ವಿಂಡೋಸ್ ಇದ್ದ ಸಿ ಡ್ರೈವ್, ಸತ್ತಿದೆ. ಡಿ ಡ್ರೈವಲ್ಲಿ ಆಟಗಳೆಲ್ಲ ಸುಸ್ಥಿತಿಯಲ್ಲಿವೆ. ಹೊಸ ವಿಂಡೋಸ್ ಹಾಕಿ ಎಪಿಕ್ (ಸ್ಟೀಮ್‌ನ ಹಾಗೆ ಪಿಸಿ ಆಟಗಳನ್ನು ಕೊಂಡು, ಇಳಿಸಿ, ಆಡಲು ಬಳಸುವ ಲಾಂಚರ್ ಪ್ರೋಗ್ರಾಮ್) ತೆರೆದರೆ ಪ್ರತಿಯೊಂದರ ಕೆಳಗೂ ‘ಇನ್‌ಸ್ಟಾಲ್’ ಅಂತಲೇ ಬರುತ್ತದೆ. ಇಂಥ ಕೇಸು ಶಿವಮೊಗ್ಗದ ನನ್ನ ಅಂಗಡಿಗೆ ತಿಂಗಳಿಗೆ ನಾಲ್ಕೈದಾದರೂ ಬರುತ್ತವೆ. ನಮ್ಮ ಕಡೆ ಸರ್ವಿಸ್ ಮಾಡುವ ಹೆಚ್ಚಿನವರ ಉತ್ತರ ಒಂದೇ: ಮತ್ತೆ ಡೌನ್‌ಲೋಡ್ ಮಾಡ್ಕೊಳ್ಳಿ. ಇರುವ ಫೈಲನ್ನೇ ಲಾಂಚರ್ ಒಪ್ಪುವ ಹಾಗೆ ಮಾಡುತ್ತೇನೆ ಅಂದಾಗ ಯಾರೂ ನಂಬಲಿಲ್ಲ. "ಸ್ಟೀಮಲ್ಲಿ ಆಗತ್ತೆ ಮಾರಾಯ, ಎಪಿಕ್‌ನಲ್ಲಿ ಅದೆಲ್ಲ ನಡೆಯಲ್ಲ" ಅಂತ ಈ ಲೈನಿನಲ್ಲಿ ನನಗಿಂತ ಹಳಬರೊಬ್ಬರು ಹೇಳಿದ್ದರು. ಈಗ ಅವರೇ ಎಪಿಕ್ ಕೇಸುಗಳನ್ನು ನನ್ನ ಹತ್ತಿರ ಕಳಿಸುತ್ತಾರೆ.

ಮನೆಯಲ್ಲಿ ಫೈಬರ್ ಇದ್ದವರಿಗೆ ಇದು ಒಂದು ರಾತ್ರಿಯ ಕೆಲಸ, ಬಿಡಿ. ನನ್ನ ಗಿರಾಕಿಗಳಲ್ಲಿ ಬಹಳಷ್ಟು ಹುಡುಗರು ತೀರ್ಥಹಳ್ಳಿ, ಹೊಸನಗರ, ಸಾಗರದ ಒಳಹಳ್ಳಿಗಳವರು. ಮೊಬೈಲ್ ಹಾಟ್‌ಸ್ಪಾಟೇ ಗತಿ, ಅದೂ ದಿನಕ್ಕೆ 2 ಜಿಬಿ. 2020ರ ಮೇ ತಿಂಗಳಲ್ಲಿ ಎಪಿಕ್ ಜಿಟಿಎ 5 ಅನ್ನುವ ಆಟವನ್ನು ಪುಕ್ಕಟೆ ಕೊಟ್ಟಿತಲ್ಲ, ಆಗ ತಗೊಂಡವರೇ ಇವರಲ್ಲಿ ಜಾಸ್ತಿ. ಅದೊಂದೇ 95 ಜಿಬಿ ಹತ್ತಿರ ಇದೆ. ದಿನದ 2 ಜಿಬಿಯನ್ನು ಪೂರ್ತಿ ಅದಕ್ಕೇ ಸುರಿದರೂ ಒಂದೂವರೆ ತಿಂಗಳು ಬೇಕು. ಮೊದಮೊದಲು ಪಾಪ ಅಂತ ಅಂಗಡಿಯ ಲೈನಲ್ಲೇ ರಾತ್ರಿಯಿಡೀ ಡೌನ್‌ಲೋಡ್‌ಗೆ ಬಿಡುತ್ತಿದ್ದೆ. ನನ್ನ ಪ್ಲ್ಯಾನಿನ 1000 ಜಿಬಿ ಇಪ್ಪತ್ತನೇ ತಾರೀಖಿಗೇ ಖಾಲಿಯಾಗಿ, ಸ್ಪೀಡ್ ಬಿದ್ದು, ಡ್ರೈವರ್ ಇಳಿಸಲೂ ಪರದಾಟ. ಟಾಪ್‌ಅಪ್‌ಗೆ ಹೋದ ದುಡ್ಡು ಸರ್ವಿಸ್ ಚಾರ್ಜಿನಲ್ಲಿ ಹುಟ್ಟುತ್ತಿರಲಿಲ್ಲ. ಬೇರೆ ದಾರಿ ಹುಡುಕಲು ಕೂತದ್ದು ಈ ಕಾರಣಕ್ಕೆ.

ಸ್ಟೀಮ್ ವಿಷಯ ನಿಮಗೆ ಗೊತ್ತೇ ಇದೆ. ಸೆಟ್ಟಿಂಗ್ಸ್‌ನ ಸ್ಟೋರೇಜ್‌ಗೆ ಹೋಗಿ ಹಳೆಯ ಲೈಬ್ರರಿ ಫೋಲ್ಡರ್ ತೋರಿಸಿದರೆ ಮುಗಿಯಿತು. ಆಟದ ಗುರುತೆಲ್ಲ ಸ್ಟೀಮ್‌ಆ್ಯಪ್ಸ್ ಒಳಗಿನ ಆ್ಯಪ್‌ಮ್ಯಾನಿಫೆಸ್ಟ್ ಎಸಿಎಫ್ ಫೈಲಿನಲ್ಲಿರುವುದರಿಂದ ಸಿ ಡ್ರೈವ್ ಹೋದರೂ ಚಿಂತೆಯಿಲ್ಲ. ಎಸಿಎಫ್ ಕಳೆದುಹೋಗಿ ಆಟದ ಫೈಲ್‌ಗಳಿರುವ ‘ಕಾಮನ್’ ಫೋಲ್ಡರ್ ಮಾತ್ರ ಉಳಿದಿದ್ದರೂ ಅದೇ ಲೈಬ್ರರಿಗೆ ಇನ್‌ಸ್ಟಾಲ್ ಕೊಡಿ, ಇರುವ ಫೈಲ್‌ಗಳನ್ನು ತಾನೇ ಪತ್ತೆಹಚ್ಚುತ್ತದೆ. ಆಟದ ಫೋಲ್ಡರಿನ ಹೆಸರು ಮಾತ್ರ ಅಕ್ಷರಶಃ ಸ್ಟೀಮ್ ಇಟ್ಟದ್ದೇ ಇರಬೇಕು. ಒಬ್ಬ ಹುಡುಗ ಗೆಳೆಯನ ಪಿಸಿಯಿಂದ ಕೌಂಟರ್ ಸ್ಟ್ರೈಕ್ 2 ಕಾಪಿ ಮಾಡಿಕೊಂಡು, ಫೋಲ್ಡರಿಗೆ ‘ಸಿಎಸ್2’ ಅಂತ ಹೆಸರಿಟ್ಟು ತಂದಿದ್ದ. ಬೇರೆ ಅಂಗಡಿಯಲ್ಲಿ ಫೈಲ್ ಕರಪ್ಟ್ ಆಗಿದೆ ಅಂದಿದ್ದರಂತೆ. 2023ರಲ್ಲಿ ಆಟ ಬದಲಾದರೂ ಸ್ಟೀಮ್ ಇವತ್ತಿಗೂ ಅದನ್ನು ‘ಕೌಂಟರ್-ಸ್ಟ್ರೈಕ್ ಗ್ಲೋಬಲ್ ಅಫೆನ್ಸಿವ್’ ಅನ್ನುವ ಹಳೆಯ ಹೆಸರಿನ ಫೋಲ್ಡರಿನಲ್ಲೇ ಹುಡುಕುತ್ತದೆ. ಹೆಸರು ತಿದ್ದಿ ಇನ್‌ಸ್ಟಾಲ್ ಒತ್ತಿದೆ, ಚಿಲ್ಲರೆ ಡೌನ್‌ಲೋಡಿನಲ್ಲಿ ಆಟ ಶುರುವಾಯಿತು. "ಅಣ್ಣಾ, ಇಷ್ಟೇನಾ?" ಅಂದ. ಇಷ್ಟೇ.

ಗಾಗ್ ಗ್ಯಾಲಕ್ಸಿ, ಯೂಬಿಸಾಫ್ಟ್ ಕನೆಕ್ಟ್, ಬ್ಯಾಟಲ್‌ನೆಟ್ ಅನ್ನುವ ಬೇರೆ ಲಾಂಚರ್‌ಗಳಲ್ಲಿ ಫೋಲ್ಡರ್ ತೋರಿಸಲು ಆಯ್ಕೆ ಕೊಟ್ಟಿದ್ದಾರೆ. ರಾಕ್‌ಸ್ಟಾರ್ ಲಾಂಚರ್‌ನಲ್ಲಿ ಸ್ಕ್ಯಾನ್ ಇದೆ. ಅವುಗಳ ಬಗ್ಗೆ ಬರೆಯುವಂಥದ್ದೇನಿಲ್ಲ.

ತಲೆ ತಿಂದದ್ದು ಎಪಿಕ್. ಅದು ಯಾವ ಆಟ ಎಲ್ಲಿದೆ ಅನ್ನುವ ಲೆಕ್ಕವನ್ನು ಸಿ ಡ್ರೈವಿನ ಪ್ರೋಗ್ರಾಮ್‌ಡೇಟಾದಲ್ಲಿ ಇಟ್ಟುಕೊಳ್ಳುತ್ತದೆ. ಎಪಿಕ್, ಎಪಿಕ್ ಗೇಮ್ಸ್ ಲಾಂಚರ್, ಡೇಟಾ, ಮ್ಯಾನಿಫೆಸ್ಟ್ಸ್ ಅಂತ ಒಳಗೆ ಹೋದರೆ ಆಟಕ್ಕೊಂದರಂತೆ ಡಾಟ್ ಐಟಮ್ ಫೈಲ್ ಸಿಗುತ್ತದೆ. ಪಕ್ಕದ ಅನ್‌ರಿಯಲ್ ಎಂಜಿನ್ ಲಾಂಚರ್ ಫೋಲ್ಡರಿನಲ್ಲಿ ‘ಲಾಂಚರ್‌ಇನ್‌ಸ್ಟಾಲ್ಡ್’ ಅನ್ನುವ ಡಾಟ್ ಡ್ಯಾಟ್ (.dat) ಫೈಲ್. ಸಿ ಹೋದರೆ ಇವೆರಡೂ ಹೋದ ಹಾಗೆ. ಹಾಗಾಗಿ ವಿಂಡೋಸ್ ಮಾತ್ರ ಕೆಟ್ಟು ಡಿಸ್ಕ್ ಓದಲು ಬರುತ್ತಿದ್ದರೆ, ಫಾರ್ಮ್ಯಾಟ್‌ಗೆ ಕೈ ಹಾಕುವ ಮೊದಲು ಇವೆರಡನ್ನೂ ಪೆನ್‌ಡ್ರೈವಿಗೆ ಎತ್ತಿಕೊಳ್ಳುತ್ತೇನೆ. ಎಲ್ಲ ಸೇರಿ ಕೆಲವೇ ಕೆಬಿ. ಫಾರ್ಮ್ಯಾಟ್ ಮಾಡದೆ ವಿಂಡೋಸ್ ಹಾಕಿದ್ದರೆ ವಿಂಡೋಸ್ ಡಾಟ್ ಓಲ್ಡ್ (ಹಳೆಯ ವಿಂಡೋಸಿನ ಫೈಲ್‌ಗಳ ಫೋಲ್ಡರ್) ಒಳಗೂ ಸಿಗುತ್ತವೆ. ಆ ಫೋಲ್ಡರನ್ನು ವಿಂಡೋಸ್ ತಾನೇ ಅಳಿಸಿಬಿಡುವ ಸಂಭವ ಇರುವುದರಿಂದ ತಡಮಾಡಬೇಡಿ.

ವಾಪಸ್ ಹಾಕುವಾಗ ಬಹಳ ಜನ ಸೋಲುವ ಜಾಗ ಒಂದಿದೆ. ಹೊಸ ವಿಂಡೋಸಿನಲ್ಲಿ ಕೆಲವು ಸಲ ಡ್ರೈವಿನ ಅಕ್ಷರ ಡಿ ಹೋಗಿ ಇ ಆಗಿರುತ್ತದೆ. ಐಟಮ್ ಫೈಲನ್ನು ನೋಟ್‌ಪ್ಯಾಡಿನಲ್ಲಿ ತೆರೆದು ‘ಇನ್‌ಸ್ಟಾಲ್ ಲೊಕೇಶನ್’ ತಿದ್ದಿ ಸೇವ್ ಮಾಡುತ್ತಾರೆ, ಆದರೂ ಆಟ ಕಾಣುವುದಿಲ್ಲ. ಅದರಲ್ಲಿ ಫೋಲ್ಡರಿನ ದಾರಿಯ (ಪಾಥ್) ನಡುವಿನ ಬ್ಯಾಕ್‌ಸ್ಲ್ಯಾಶ್ ಜೋಡಿಯಾಗಿಯೇ ಇರಬೇಕು. ಎಕ್ಸ್‌ಪ್ಲೋರರ್‌ನಿಂದ ದಾರಿ ಕಾಪಿ ಮಾಡಿ ಅಂಟಿಸಿದರೆ ಒಂಟಿ ಸ್ಲ್ಯಾಶ್ ಬೀಳುತ್ತದೆ, ಇಡೀ ಫೈಲೇ ಲೆಕ್ಕಕ್ಕಿಲ್ಲದಂತಾಗುತ್ತದೆ. ಕೆಳಗೆ ‘ಮ್ಯಾನಿಫೆಸ್ಟ್ ಲೊಕೇಶನ್’, ‘ಸ್ಟೇಜಿಂಗ್ ಲೊಕೇಶನ್’ ಅಂತ ಇನ್ನೆರಡು ಕಡೆ ಅದೇ ದಾರಿ ಇದೆ, ಅವನ್ನೂ ತಿದ್ದಬೇಕು. ಇಷ್ಟೂ ಹೊತ್ತು ಲಾಂಚರ್ ಪೂರ್ತಿ ಮುಚ್ಚಿರಬೇಕು. ಕ್ರಾಸ್ ಗುರುತು ಒತ್ತಿದರೆ ಅದು ಮುಚ್ಚುವುದಿಲ್ಲ, ಗಡಿಯಾರದ ಪಕ್ಕದ ಐಕಾನ್ ಮೇಲೆ ರೈಟ್ ಕ್ಲಿಕ್ ಮಾಡಿ ಎಕ್ಸಿಟ್ ಕೊಡಬೇಕು.

ಸಿ ಡ್ರೈವ್ ಪೂರ್ತಿ ಸತ್ತಿದ್ದರೆ ಬೇರೆ ದಾರಿ. ಜಿಟಿಎ 5 ಉದಾಹರಣೆಯನ್ನೇ ತಗೊಳ್ಳಿ. ‘ಜಿಟಿಎವಿ’ ಫೋಲ್ಡರಿಗೆ ಬೇರೆ ಹೆಸರು ಕೊಡಿ. ಲಾಂಚರ್‌ನಲ್ಲಿ ಅದೇ ಜಾಗಕ್ಕೆ ಇನ್‌ಸ್ಟಾಲ್ ಕೊಟ್ಟು, ಶೇಕಡಾ ಒಂದೆರಡು ಆಗುತ್ತಿದ್ದಂತೆ ನಿಲ್ಲಿಸಿ ಎಕ್ಸಿಟ್ ಮಾಡಿ. ಹೊಸದಾಗಿ ಹುಟ್ಟಿದ ಫೋಲ್ಡರಿಗೆ ಹಳೆಯದರ ಫೈಲ್‌ಗಳನ್ನು ಕಟ್ ಮಾಡಿ ಹಾಕಿ. ಕಾಪಿ ಬೇಡ, ಒಂದೇ ಪಾರ್ಟಿಷನ್ ಒಳಗೆ ಕಟ್ ಕ್ಷಣದಲ್ಲಿ ಮುಗಿಯುತ್ತದೆ, ಜಾಗವೂ ತಿನ್ನುವುದಿಲ್ಲ. ‘ಡಾಟ್ ಇಜಿಸ್ಟೋರ್’ ಅನ್ನುವ ಫೋಲ್ಡರ್ ಎರಡರಲ್ಲೂ ಇರುತ್ತದೆ. ನಾನು ಯಾವತ್ತೂ ಹೊಸದನ್ನೇ ಉಳಿಸುತ್ತೇನೆ, ಹಳೆಯದನ್ನು ಬದಿಗಿಡುತ್ತೇನೆ. ಲಾಂಚರ್ ತೆರೆದು ರೆಸ್ಯೂಮ್ ಕೊಟ್ಟರೆ ‘ವೆರಿಫೈಯಿಂಗ್’ ಅಂತ ಬರುತ್ತದೆ. ಸಾಟಾ ಎಸ್‌ಎಸ್‌ಡಿಯಲ್ಲಿ ಹತ್ತು ಹನ್ನೆರಡು ನಿಮಿಷ, ಹಳೆಯ ಹಾರ್ಡ್‌ಡಿಸ್ಕಿನಲ್ಲಿ ಮುಕ್ಕಾಲು ಗಂಟೆ ಹಿಡಿದದ್ದೂ ಇದೆ. ನಡುವೆ ಅಪ್‌ಡೇಟ್ ಬಂದಿದ್ದರೆ ಬದಲಾದ ಭಾಗ ಮಾತ್ರ ಇಳಿಯುತ್ತದೆ. 95 ಜಿಬಿಯ ಆಟ 2-3 ಜಿಬಿಯಲ್ಲಿ ಎದ್ದು ನಿಂತಾಗ ಹುಡುಗರ ಮುಖ ನೋಡಬೇಕು ನೀವು!

ಒಂದು ಎಚ್ಚರಿಕೆ. 2025ರ ಮಾರ್ಚ್‌ನಿಂದ ಜಿಟಿಎ 5ರಲ್ಲಿ ಲೆಗಸಿ, ಎನ್‌ಹಾನ್ಸ್‌ಡ್ ಅಂತ ಎರಡು ಆವೃತ್ತಿಗಳಾಗಿವೆ. ಹಳೆಯ ಫೋಲ್ಡರ್ ಲೆಗಸಿಗೆ ಸೇರಿದ್ದು. ಎನ್‌ಹಾನ್ಸ್‌ಡ್‌ಗೆ ಇನ್‌ಸ್ಟಾಲ್ ಕೊಟ್ಟು ಇದೇ ಕಸರತ್ತು ಮಾಡಿದರೆ ಡೇಟಾ ಉಳಿತಾಯವಾಗುವುದಿಲ್ಲ.

ಇನ್ನೊಂದು ತೊಡಕು, ಡಿ ಡ್ರೈವ್ ತುಂಬಿ ತುಳುಕುತ್ತಿರುವುದು. ಪೂರ್ತಿ ಆಟಕ್ಕೆ ಬೇಕಾದಷ್ಟು ಖಾಲಿ ಜಾಗ ಕಾಣದಿದ್ದರೆ ಎಪಿಕ್ ಇನ್‌ಸ್ಟಾಲ್ ಶುರುವನ್ನೇ ಮಾಡುವುದಿಲ್ಲ, ಆಟ ಅಲ್ಲೇ ಬಿದ್ದಿದ್ದರೂ ಸರಿ. ಬೇರೊಂದು ದೊಡ್ಡ ಆಟವನ್ನು ಎಕ್ಸ್‌ಟರ್ನಲ್ ಡಿಸ್ಕಿಗೆ ತಾತ್ಕಾಲಿಕವಾಗಿ ಸಾಗಿಸುವುದು ಒಂದು ಉಪಾಯ, ಸಮಯ ಹಿಡಿಯುತ್ತದೆ. ಕಮಾಂಡ್ ಲೈನ್ ಗೊತ್ತಿದ್ದವರು ಲೆಜೆಂಡರಿ ಅನ್ನುವ ಓಪನ್ ಸೋರ್ಸ್ ಪ್ರೋಗ್ರಾಮ್ ನೋಡಿ. ಅದರಲ್ಲಿ ಇರುವ ಆಟವನ್ನೇ ಸೇರಿಸಿಕೊಳ್ಳುವ ಇಂಪೋರ್ಟ್ ಇದೆ, ಎಪಿಕ್ ಲಾಂಚರ್ ಜೊತೆ ಸಿಂಕ್ ಕೂಡ ಇದೆ. ನಾನು ಈಗ ಮಾಡುವುದು ಮೂರನೆಯದು, ಇವೆರಡಕ್ಕಿಂತ ಬೇಗ ಆಗುತ್ತದೆ. ಅದನ್ನು ಇಲ್ಲಿ ಬರೆಯುವುದಿಲ್ಲ, ಅಂಗಡಿ ನಡೆಯುವುದು ಅಂಥವುಗಳಿಂದಲೇ.

ನಡುವೆ ಬೇರೆ ಪ್ರಯೋಗವನ್ನೂ ಮಾಡಿದೆ. ಒಬ್ಬನ ಆಟದ ಫೋಲ್ಡರನ್ನು ಇನ್ನೊಬ್ಬನ ಪಿಸಿಗೆ ಹಾಕಿ, ಅವನ ಅಕೌಂಟಿನಿಂದ ಇದೇ ವಿಧಾನ. ಅವನ ಲೈಬ್ರರಿಯಲ್ಲೂ ಆ ಆಟ ಇದ್ದರೆ ಚೆನ್ನಾಗಿಯೇ ನಡೆಯುತ್ತದೆ, ಫೈಲ್ ಎಲ್ಲರಿಗೂ ಒಂದೇ. ಆಮೇಲೆ ಹತ್ತು ಸಾವಿರದ ಚಿಲ್ಲರೆ ಕೊಟ್ಟು 4 ಟಿಬಿ ಡಿಸ್ಕ್ ತಂದು, ಜನ ಹೆಚ್ಚಾಗಿ ಕೇಳುವ ಆಟಗಳನ್ನು ಅದರಲ್ಲಿ ಇಟ್ಟಿದ್ದೇನೆ. ಡಿಸ್ಕೇ ಪೂರ್ತಿ ಹೋದವರಿಗೂ ಈಗ ಸಂಜೆಯೊಳಗೆ ಆಟ ಹಾಕಿಕೊಡುತ್ತೇನೆ. ಲೈಬ್ರರಿಯಲ್ಲಿ ಆಟ ಇಲ್ಲದವರಿಗೆ ಕೊಡುವುದಿಲ್ಲ, ಎಷ್ಟೇ ಕೇಳಲಿ. ಆಟಕ್ಕೆ ನೂರು, ಇಡೀ ಪಿಸಿಗೆ ನಾನೂರು ಐನೂರು ತಗೊಳ್ಳುತ್ತೇನೆ. ಡಿಸ್ಕಿನ ದುಡ್ಡು ಮಳೆಗಾಲ ಮುಗಿಯುವಷ್ಟರಲ್ಲಿ ಹುಟ್ಟಿತು. ಸಿಡಿಲಿಗೆ ಪಿಸಿ ಸುಟ್ಟುಕೊಂಡು ಬರುವವರು ನಮ್ಮ ಮಲೆನಾಡಲ್ಲಿ ಕಡಿಮೆಯಿಲ್ಲ.

ಆಟ ಕಂಡ ಮಾತ್ರಕ್ಕೆ ಓಡುತ್ತದೆ ಅನ್ನಬೇಡಿ. ಐಟಮ್ ಫೈಲ್ ಹಾಕಿ ಎಬ್ಬಿಸಿದಾಗ ಆಟ ಓಡಲು ಬೇಕಾದ ವಿಷುವಲ್ ಸಿ ಪ್ಲಸ್ ಪ್ಲಸ್, ಡೈರೆಕ್ಟ್‌ಎಕ್ಸ್ ಕಂತೆಗಳನ್ನು ಕೈಯಾರೆ ಹಾಕಬೇಕಾಗಬಹುದು, ಇಲ್ಲದಿದ್ದರೆ ಡಿಎಲ್‌ಎಲ್ ಇಲ್ಲ ಅನ್ನುತ್ತದೆ. ಜಿಟಿಎಗೆ ರಾಕ್‌ಸ್ಟಾರ್ ಲಾಂಚರ್ ಬೇರೆ ಬೇಕು. ಅದರ ಸ್ಟೋರಿ ಮೋಡ್ ಸೇವ್‌ಗಳು ಇರುವುದು ಡಾಕ್ಯುಮೆಂಟ್ಸ್‌ನಲ್ಲಿ, ಅಂದರೆ ಸಿ ಡ್ರೈವಿನಲ್ಲಿ. ಹಾಗಾಗಿ ಪಿಸಿ ಟೇಬಲ್ ಮೇಲೆ ಇಡುತ್ತಿದ್ದಂತೆ ನಾನು ಮೊದಲು ಕೇಳುವುದು ಸೇವ್ ಬೇಕಾ ಅಂತ.

ಎಕ್ಸ್‌ಬಾಕ್ಸ್ ಆ್ಯಪಿನ ಆಟಗಳು ಇನ್ನೂ ಪೂರ್ತಿ ಕೈಗೆ ಸಿಕ್ಕಿಲ್ಲ. ಎಕ್ಸ್‌ಬಾಕ್ಸ್‌ಗೇಮ್ಸ್ ಫೋಲ್ಡರ್ ಹಾಗೇ ಇದ್ದರೂ ಕೆಲವು ಸಲ ಒಪ್ಪುತ್ತದೆ, ಕೆಲವು ಸಲ ಅಳಿಸಲೂ ಪರ್ಮಿಷನ್ ಕೊಡದೆ ಜಾಗ ಹಿಡಿದು ಕೂರುತ್ತದೆ. ಅಂಥ ಕೇಸು ತಗೊಳ್ಳುತ್ತೇನೆ, ಆದರೆ ಆಟ ಎದ್ದರೆ ಮಾತ್ರ ದುಡ್ಡು.