ಜೈಲಲ್ಲಿರುವ ನಮ್ಮವರಿಗೆ ರೋಜಾ (ರಂಜಾನ್ ಉಪವಾಸ) ಹಿಡಿಯಲು ಹೊರಗಿನಿಂದ ನೆರವಾಗುವುದು ಹೇಗೆ?

ರಂಜಾನ್ ಶುರುವಾಗುವ ಮೊದಲೇ ಭೇಟಿಗೆ ಹೋಗಿ, ರೋಜಾ ಹಿಡಿಯುತ್ತೇನೆ ಅಂತ ಸಿಬ್ಬಂದಿಗೆ ಹೆಸರು ಕೊಟ್ಟಿದ್ದಾರಾ ಕೇಳಿ. ಇದೇ ಮುಖ್ಯ. ಜೈಲಿನ ಊಟ ಗಂಟೆ ಹೊಡೆದಾಗ ಬರುತ್ತದೆ, ಹಸಿದಾಗಲ್ಲ. ಬೆಳಗಾಗುವ ಮುಂಚಿನ ಊಟವಾದ ಸಹರಿಗೆ ಅಡುಗೆಮನೆಯವರು ಬೇರೆ ಲೆಕ್ಕವನ್ನೇ ಹಾಕಬೇಕು, ಜೊತೆಗೆ ಬಹಳ ಕಡೆ ಸಂಜೆಗೇ ಬ್ಯಾರಕ್‌ಗೆ ಬೀಗ ಬೀಳುವುದರಿಂದ ಉಪವಾಸ ಬಿಡುವ ಇಫ್ತಾರ್‌ನ ತಟ್ಟೆ ಅದಕ್ಕೂ ಮುಂಚೆ ಕೈಸೇರಿರಬೇಕು, ಅಲ್ವಾ?

ಖರ್ಜೂರ ಕೊಡಬಹುದಾ ಅಂತ ಗೇಟಲ್ಲಿ ಕೇಳಿಯೇ ಕೊಂಡುಕೊಳ್ಳಿ. ಕುರಾನ್ ಕೊಡುವುದಾದರೆ ಹಾಳೆಗಳ ನಡುವೆ ಚೀಟಿ, ದುಡ್ಡು ಏನೂ ಇಡಬೇಡಿ, ತಪಾಸಣೆಯಲ್ಲಿ ಸಿಕ್ಕರೆ ಸುಮ್ನೆ ತೊಂದರೆ.

ಒಬ್ಬಂಟಿಯಾಗಿ ಹೇಗೆ ಅಂತ ಜಾಸ್ತಿ ಚಿಂತೆ ಬೇಡ. ದೆಹಲಿಯ ತಿಹಾರ್‌ನಲ್ಲಿ ಹಿಂದೂ ಕೈದಿಗಳೂ ರೋಜಾ ಹಿಡಿದಿದ್ದಾರೆ, ನವರಾತ್ರಿಗೆ ಮುಸ್ಲಿಮರೂ ಉಪವಾಸ ಮಾಡಿದ್ದಾರೆ.