ಹೈಕೋರ್ಟ್ ಆದೇಶ ಸಿಕ್ಕಿದೆ, ಕಚೇರಿಯಲ್ಲಿ ಕೆಲಸ ಆಗಿಲ್ಲ: ಮುಂದೇನು?

ಸಕಲೇಶಪುರ, ಆಲೂರು, ಮೂಡಿಗೆರೆ ಕಡೆ ಪೋಡಿ (ಜಮೀನು ಅಳೆದು ಪಾಲು ಬೇರ್ಪಡಿಸುವುದು), ಖಾತೆ, ತೋಟದ ದಾರಿ ಎಂದು ಹೈಕೋರ್ಟ್‌ವರೆಗೂ ಹೋಗುವವರಿದ್ದಾರೆ. ಗೆದ್ದ ಮೇಲೂ ತಾಲ್ಲೂಕು ಕಚೇರಿಗೆ ಅಲೆಯುವುದು ಅನ್ಯಾಯ. ಅಂಥವರಿಗಾಗಿಯೇ, ಆದೇಶವನ್ನು ಬೇಕೆಂದೇ ಪಾಲಿಸದವರ ಮೇಲೆ ಹಾಕುವ ನ್ಯಾಯಾಂಗ ನಿಂದನೆ ಅರ್ಜಿ ಇದೆ. ಆದರೆ ಅದು ಗಟ್ಟಿಯಾಗಿ ನಿಲ್ಲಬೇಕಾದರೆ ಕಾಗದಪತ್ರ ಮೊದಲೇ ಸರಿಯಿರಬೇಕು.

ಆದೇಶದ ಕೊನೆಯ ಭಾಗವನ್ನು ನಿಧಾನವಾಗಿ ಓದಿ. ‘ಮೂರು ತಿಂಗಳಲ್ಲಿ ಪೋಡಿ ಮಾಡಿ’ ಎಂದಿದೆಯೋ, ‘ಅರ್ಜಿಯನ್ನು ಪರಿಗಣಿಸಿ’ ಎಂದಿದೆಯೋ? ಬರೀ ಪರಿಗಣಿಸಿ ಎಂದಿದ್ದು, ತಹಶೀಲ್ದಾರರು ಕಾರಣ ಬರೆದು ತಿರಸ್ಕರಿಸಿದರೆ ಅದು ಸಾಮಾನ್ಯವಾಗಿ ನಿಂದನೆ ಆಗುವುದಿಲ್ಲ. ಆ ತಿರಸ್ಕಾರವನ್ನು ಬೇರೆಯಾಗಿಯೇ ಪ್ರಶ್ನಿಸಬೇಕು. ಜಾಸ್ತಿ ಜನ ಎಡವುವುದು ಇಲ್ಲೇ.

ಆಮೇಲೆ ಆದೇಶದ ಸರ್ಟಿಫೈಡ್ ಕಾಪಿ (ಕೋರ್ಟ್ ದೃಢೀಕರಿಸಿದ ಪ್ರತಿ) ತೆಗೆಸಿ. ಅದರ ಜೆರಾಕ್ಸ್‌ಗೆ ಒಂದು ಪತ್ರ ಲಗತ್ತಿಸಿ ಕಚೇರಿಯ ಟಪಾಲು ವಿಭಾಗದಲ್ಲಿ ಕೊಟ್ಟು, ನಿಮ್ಮ ಪ್ರತಿಯ ಮೇಲೆ ಸೀಲು, ತಾರೀಖು ಹಾಕಿಸಿಕೊಳ್ಳಿ. ‘ಸಾಹೇಬ್ರಿಗೆ ಹೇಳಿದೀವಿ’ ಅನ್ನುವುದು ಕೋರ್ಟಿನಲ್ಲಿ ನಿಲ್ಲುವುದಿಲ್ಲ. ಸೀಲು ಹಾಕಲು ಸತಾಯಿಸಿದರೆ ಅಂಚೆಯಲ್ಲಿ ಕಳಿಸಿ, ತಲುಪಿದ ದಾಖಲೆ ಇಟ್ಟುಕೊಳ್ಳಿ. ‘ಪ್ರತಿ ತಲುಪಿದ ದಿನದಿಂದ’ ಎಂದು ಆದೇಶದಲ್ಲಿದ್ದರೆ ಗಡುವು ಶುರುವಾಗುವುದೇ ಆ ತಾರೀಖಿನಿಂದ. ಅಧಿಕಾರಿ ವರ್ಗವಾದರೆ ಹೊಸಬರಿಗೂ ಒಂದು ಪ್ರತಿ ಮುಟ್ಟಿಸಿ. ಬೇಕೆಂದೇ ಪಾಲಿಸಲಿಲ್ಲ ಎಂದು ತೋರಿಸಬೇಕಾದವರು ನಾವು. ಆದೇಶವೇ ಗೊತ್ತಿರಲಿಲ್ಲ ಎಂದು ಅವರು ಹೇಳುವಂತಾಗಬಾರದು, ಅಲ್ವಾ?

ಗಡುವು ಮುಗಿಯಿತೇ? ವಕೀಲರಿಂದ ಒಂದು ನೋಟಿಸ್ ಕೊಡಿಸಿ. ಅದಕ್ಕೂ ಉತ್ತರವಿಲ್ಲದಿದ್ದರೆ ಬೆಂಗಳೂರಿನ ಹೈಕೋರ್ಟ್‌ನಲ್ಲಿ ನಿಂದನೆ ಅರ್ಜಿ ಹಾಕಿ. ಹಾಸನ, ಚಿಕ್ಕಮಗಳೂರು ಎರಡೂ ಅಲ್ಲಿನ ಪ್ರಧಾನ ಪೀಠಕ್ಕೇ ಸೇರುತ್ತವೆ. ಒಂದು ಮಾತು ಮರೆಯಬೇಡಿ: 1971ರ ನ್ಯಾಯಾಂಗ ನಿಂದನೆ ಕಾಯ್ದೆಯ 20ನೇ ಸೆಕ್ಷನ್ ಪ್ರಕಾರ ನಿಂದನೆಯಾದ ದಿನದಿಂದ ಒಂದು ವರ್ಷದೊಳಗೆ ಹೋಗಬೇಕು. ‘ಮುಂದಿನ ವಾರ ಬನ್ನಿ’ ಎಂಬ ಮಾತು ನಂಬಿ ವರ್ಷ ಕಳೆದರೆ ಕಷ್ಟ. ಮೇಲಿಂದ ಮೇಲೆ ಪತ್ರ ಬರೆದ ಮಾತ್ರಕ್ಕೆ ಆ ಅವಧಿ ಬೆಳೆಯುವುದಿಲ್ಲ.

ಮೇಲ್ಮನವಿ ಹಾಕಿದ್ದೇವೆ ಎಂದು ಕಚೇರಿಯವರು ಹೇಳಬಹುದು. ತಡೆಯಾಜ್ಞೆ ಸಿಕ್ಕಿದೆಯಾ ಎಂದು ಕೇಳಿ. ಬರೀ ಮೇಲ್ಮನವಿ ಹಾಕಿದರೆ ಆದೇಶ ನಿಲ್ಲುವುದಿಲ್ಲ.

ಶಿಕ್ಷೆ ಆರು ತಿಂಗಳವರೆಗೆ ಸಾದಾ ಸಜೆ, 2,000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಮನಸಾರೆ ಕ್ಷಮೆ ಕೇಳಿದರೆ ಕೋರ್ಟ್ ಬಿಡಬಹುದು. ಬೇಸರ ಬೇಡ. ನಮಗೆ ಬೇಕಾದದ್ದು ಪೋಡಿ, ಅಧಿಕಾರಿಯ ಜೈಲುವಾಸವಲ್ಲ.

ಊರಿನ ಸಿವಿಲ್ ಕೋರ್ಟ್ ಕೊಟ್ಟ ತಾತ್ಕಾಲಿಕ ಇಂಜಂಕ್ಷನ್ (ಇಂಥದ್ದು ಮಾಡಬೇಡಿ ಎಂಬ ಆದೇಶ) ಮುರಿದು ಪಕ್ಕದವರು ಬೇಲಿ ಹಾಕಿದರೆ ದಾರಿ ಬೇರೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 39, ನಿಯಮ 2ಎ ಅಡಿ ಅದೇ ಕೋರ್ಟಿಗೆ ಅರ್ಜಿ ಹಾಕಿ. ಆಸ್ತಿ ಜಪ್ತಿ ಮಾಡಲು, ಮೂರು ತಿಂಗಳವರೆಗೆ ಸಿವಿಲ್ ಜೈಲಿಗೆ ಕಳಿಸಲು ಅದಕ್ಕೆ ಅಧಿಕಾರವಿದೆ. ಬೇಲಿಯ ಫೋಟೊ ಅದೇ ದಿನ ತೆಗೆದಿಡಿ.

ವಕೀಲರ ಫೀಸು ಭರಿಸಲಾಗದಿದ್ದರೆ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಹೋಗಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ಎಷ್ಟೇ ಇದ್ದರೂ ಉಚಿತ ನೆರವು ಸಿಗುತ್ತದೆ. ಸಹಾಯವಾಣಿ ಸಂಖ್ಯೆ 15100.