ಚಾರ್ಮತ್‌ನಲ್ಲಿ ಪಳೆಯುಳಿಕೆ ಹುಡುಕುವ ದಿನ: ಸುತ್ತಿಗೆಗಿಂತ ಮೊದಲು ಪಂಚಾಂಗ

ಇಂಗ್ಲೆಂಡಿನ ದಕ್ಷಿಣ ಕರಾವಳಿಯಲ್ಲಿ, ಡಾರ್ಸೆಟ್ ಪ್ರಾಂತ್ಯದ ಚಾರ್ಮತ್ ಎಂಬ ಹಳ್ಳಿಗೆ ಪಳೆಯುಳಿಕೆ ಹುಡುಕಲು ಬರುವವರಲ್ಲಿ ಹೆಚ್ಚಿನವರು ಕೈಯಲ್ಲಿ ಸುತ್ತಿಗೆ ಹಿಡಿದು ನೇರವಾಗಿ ಗುಡ್ಡದ ಬುಡಕ್ಕೆ ನಡೆಯುತ್ತಾರೆ. ಅಲ್ಲಿ ಸಿಗುವುದು ಕಡಿಮೆ, ಅಪಾಯ ಹೆಚ್ಚು. ಗುಡ್ಡದ ಮೈಯನ್ನು ಒಡೆಯುವುದಕ್ಕೆ ಅನುಮತಿಯೂ ಇಲ್ಲ. ಮಳೆ ಗುಡ್ಡವನ್ನು ಕುಸಿಯುವಂತೆ ಮಾಡುತ್ತದೆ, ಅಲೆ ಆ ಮಣ್ಣನ್ನು ತೊಳೆದು ಒಳಗಿನದನ್ನು ಜಲ್ಲಿಯ ಮೇಲೆ ಹರಡಿ ಹೋಗುತ್ತದೆ. ನಾವು ಮಾಡಬೇಕಾದದ್ದು ಸರಿಯಾದ ಹೊತ್ತಿಗೆ ಹೋಗಿ ಮಂಡಿಯೂರಿ ನೋಡುವುದು, ಅಷ್ಟೆ. ನನ್ನ ಡಬ್ಬಿಗಳಲ್ಲಿ ಇರುವ ಅಮೋನೈಟ್‌ಗಳಲ್ಲಿ (ಸುರುಳಿ ಚಿಪ್ಪಿನ, ಈಗ ಅಳಿದುಹೋದ ಸಮುದ್ರಜೀವಿಗಳಲ್ಲಿ) ಹೆಚ್ಚಿನವು ಸುತ್ತಿಗೆ ಮುಟ್ಟದೆ ಸಿಕ್ಕವು.

ಮೊದಲು ದಿನ ಗೊತ್ತುಮಾಡಬೇಕು. ಇದಕ್ಕೆ ಮನೆಯ ಗೋಡೆಯಲ್ಲಿ ನೇತುಹಾಕಿದ ಕನ್ನಡ ಕ್ಯಾಲೆಂಡರ್ ಸಾಕು. ಹುಣ್ಣಿಮೆ ಅಥವಾ ಅಮಾವಾಸ್ಯೆ ಕಳೆದು ಒಂದೆರಡು ದಿನಕ್ಕೆ, ಅಂದರೆ ಪಾಡ್ಯ-ಬಿದಿಗೆಯ ಹೊತ್ತಿಗೆ, ಸಮುದ್ರ ಅತಿ ಹೆಚ್ಚು ಏರಿ ಅತಿ ಹೆಚ್ಚು ಇಳಿಯುತ್ತದೆ. ಈ ಕರಾವಳಿಯಲ್ಲಿ ಅಂಥ ದಿನಗಳ ಇಳಿತ ಬರುವುದು ಸುಮಾರು ಮಧ್ಯಾಹ್ನ 12ರಿಂದ 2ರ ಒಳಗೆ. ಬೆಳಿಗ್ಗೆ ಹೊರಟು ಸಂಜೆ ಮನೆ ಸೇರುವವರಿಗೆ ಇದಕ್ಕಿಂತ ಅನುಕೂಲ ಬೇರೆ ಇಲ್ಲ. ಅಷ್ಟಮಿ ಕಳೆದ ನವಮಿ-ದಶಮಿಯಲ್ಲಿ ಹೋದರೆ ನಡುಹಗಲಿಗೆ ಉಬ್ಬರವೇ ಎದುರಾಗುತ್ತದೆ, ನಡೆಯಲು ಉಳಿಯುವುದು ಗುಡ್ಡಕ್ಕೆ ಅಂಟಿದ ಸಣ್ಣ ಪಟ್ಟಿ ಮಾತ್ರ. ತಿಥಿ ನೋಡುವುದು ದಿನ ಆರಿಸಲು. ಗಂಟೆ-ನಿಮಿಷಕ್ಕೆ ಪಕ್ಕದ ಊರಾದ ಲೈಮ್ ರೀಜಿಸ್‌ನ ಉಬ್ಬರವಿಳಿತದ ಪಟ್ಟಿಯನ್ನೇ ನೋಡಬೇಕು.

ಆ ಪಟ್ಟಿಯಲ್ಲಿ ಒಂದು ಮೋಸ ಇದೆ. ಕೆಲವು ಪಟ್ಟಿಗಳು ವರ್ಷವಿಡೀ ಗ್ರೀನಿಚ್ ಸಮಯದಲ್ಲೇ ಇರುತ್ತವೆ, ಕೆಲವು ಬೇಸಿಗೆಯ ಸಮಯಕ್ಕೆ ಆಗಲೇ ಬದಲಾಗಿರುತ್ತವೆ. ಮಾರ್ಚ್ ಕೊನೆಯ ಭಾನುವಾರದಿಂದ ಅಕ್ಟೋಬರ್ ಕೊನೆಯ ಭಾನುವಾರದವರೆಗೆ ಗ್ರೀನಿಚ್ ಪಟ್ಟಿಗೆ ಒಂದು ಗಂಟೆ ಸೇರಿಸಬೇಕು. ಸೇರಿಸಲು ಮರೆತರೆ ಒಂದು ಗಂಟೆ ಮೊದಲೇ ಹೋಗುತ್ತೀರಿ, ಕೆಟ್ಟದ್ದೇನೂ ಆಗುವುದಿಲ್ಲ. ಆಗಲೇ ಸೇರಿಸಿದ್ದಕ್ಕೆ ಇನ್ನೊಂದು ಗಂಟೆ ಸೇರಿಸಿದರೆ ಮಾತ್ರ, ನೀರು ಇನ್ನೂ ಇಳಿಯುತ್ತಿದೆ ಎಂದುಕೊಂಡು ಏರುವ ನೀರಿನ ಎದುರು ನಡೆಯುತ್ತಿರುತ್ತೀರಿ. ಪಟ್ಟಿಯ ತಲೆಬರಹದಲ್ಲಿ ಯಾವ ಸಮಯ ಎಂದು ಬರೆದಿರುತ್ತದೆ, ಓದಿ.

ಇಳಿತಕ್ಕೆ ಮೂರು ಗಂಟೆ ಮೊದಲು ದಂಡೆಗೆ ಇಳಿದು, ಹಿಂದೆ ಸರಿಯುವ ನೀರಿನ ಬೆನ್ನು ಹಿಡಿದು ಹೋಗುವುದು ನನ್ನ ಕ್ರಮ. ಇಳಿತದ ಹೊತ್ತಿಗೆ ಎಲ್ಲಿದ್ದರೂ ತಿರುಗುತ್ತೇನೆ. ಪಶ್ಚಿಮಕ್ಕೆ, ಚಾರ್ಮತ್‌ನಿಂದ ಲೈಮ್ ರೀಜಿಸ್ ಕಡೆಗೆ ಹೋಗುವಾಗ ಇದು ಕಡ್ಡಾಯ. ಬ್ಲ್ಯಾಕ್ ವೆನ್ ಗುಡ್ಡದ ಕೆಳಗೆ ಒಮ್ಮೆ ಸಿಕ್ಕಿಕೊಂಡರೆ ಮೇಲೆ ಹತ್ತಲು ದಾರಿಯಿಲ್ಲ. ಎದುರು ಸಮುದ್ರ, ಬೆನ್ನಿಗೆ ಕೆಸರು. ಆ ಕೆಸರು ಮೇಲೆ ಒಣಗಿ ಗಟ್ಟಿಯಾದಂತೆ ಕಾಣುತ್ತದೆ, ಕಾಲಿಟ್ಟರೆ ತೊಡೆಯವರೆಗೂ ಹೂತುಹೋಗಬಹುದು. ಅಂಥ ಪ್ರಸಂಗ ಬಂದರೆ 999ಕ್ಕೆ ಕರೆ ಮಾಡಿ ಕೋಸ್ಟ್‌ಗಾರ್ಡ್ ಕೇಳಬೇಕು.

ಗುಡ್ಡ ಕುಸಿತ ಎಂದರೇನೆಂದು ಶಿರಾಡಿ ಘಾಟಿ, ಕೊಡಗು ಕಂಡವರಿಗೆ ಬಿಡಿಸಿ ಹೇಳಬೇಕಿಲ್ಲ. ಇಲ್ಲಿ ಕಾರಣ ಇದು: ಮೇಲೆ ನೀರು ಇಂಗುವ ಮರಳುಕಲ್ಲು, ಕೆಳಗೆ ನೀರು ಬಿಡದ ಜೇಡಿ. ನಡುವೆ ನಿಂತ ನೀರು ಇಡೀ ಪದರವನ್ನೇ ಜಾರಿಸುತ್ತದೆ. 2008ರ ಮೇ ತಿಂಗಳಲ್ಲಿ ಲೈಮ್ ರೀಜಿಸ್ ಮತ್ತು ಚಾರ್ಮತ್ ನಡುವೆ ಸುಮಾರು 400 ಮೀಟರ್ ಉದ್ದದ ಗುಡ್ಡ ಒಮ್ಮೆಲೇ ಕುಸಿಯಿತು. ಲೈಮ್ ರೀಜಿಸ್‌ನ ಮೇರಿ ಆನಿಂಗ್ ತಮ್ಮ ಬದುಕಿಡೀ ಈ ದಂಡೆಯಲ್ಲೇ ಹುಡುಕಿದವರು. 1823ರಲ್ಲಿ ಪ್ಲೀಸಿಯೊಸಾರ್ ಎಂಬ ಉದ್ದ ಕತ್ತಿನ ಸಮುದ್ರ ಸರೀಸೃಪದ ಮೊದಲ ಪೂರ್ಣ ಅಸ್ಥಿಪಂಜರವನ್ನು ತೆಗೆದವರು. 1833ರಲ್ಲಿ ಅವರ ನಾಯಿ ಟ್ರೇ ಅವರ ಕಣ್ಣೆದುರೇ ಕುಸಿತಕ್ಕೆ ಸಿಕ್ಕಿ ಸತ್ತಿತು. ಇಷ್ಟು ಬಲ್ಲವರಿಗೇ ಮುನ್ಸೂಚನೆ ಸಿಗಲಿಲ್ಲ. ಅದಕ್ಕೇ ಎರಡು ದಿನ ಜೋರು ಮಳೆ ಹೊಡೆದ ಮೇಲೆ ಗುಡ್ಡದಿಂದ ಎಷ್ಟು ದೂರ ಸಾಧ್ಯವೋ ಅಷ್ಟು ದೂರ ಇರುತ್ತೇನೆ. ಹೇಗಿದ್ದರೂ ಒಳ್ಳೆಯ ಮಾಲು ಸಿಗುವುದು ನೀರಿನಂಚಿನಲ್ಲೇ.

ಯಾಕೆ ನೀರಿನಂಚು? ಚಾರ್ಮತ್‌ನ ಸಣ್ಣ ಅಮೋನೈಟ್‌ಗಳಲ್ಲಿ ಬಹಳಷ್ಟು ಪೈರೈಟ್ ಆಗಿ ಮಾರ್ಪಟ್ಟವು. ಅದು ಕಬ್ಬಿಣ ಮತ್ತು ಗಂಧಕದ ಖನಿಜ, ಹಿತ್ತಾಳೆಯ ಬಣ್ಣದ್ದು. ಸಾಮಾನ್ಯ ಕಲ್ಲು ಅಷ್ಟೇ ಗಾತ್ರದ ನೀರಿಗಿಂತ ಸುಮಾರು ಎರಡೂವರೆ ಪಟ್ಟು ಭಾರವಾದರೆ ಪೈರೈಟ್ ಐದು ಪಟ್ಟು. ಅಲೆ ಹಗುರ ಕಲ್ಲನ್ನು ಎಳೆದೊಯ್ದು ಭಾರದ್ದನ್ನು ಬಿಟ್ಟುಹೋಗುತ್ತದೆ, ನಮ್ಮಲ್ಲಿ ಮೊರದಲ್ಲಿ ಅಕ್ಕಿ ಕೇರಿದಾಗ ಕಾಳು ಉಳಿಯುವ ಹಾಗೆ. ದೊಡ್ಡ ಬಂಡೆಯ ಮಗ್ಗುಲು, ದಂಡೆಯ ಇಳಿಜಾರು ಮುಗಿಯುವ ಗೆರೆ, ಎರಡು ಬಂಡೆ ನಡುವಿನ ತಗ್ಗು: ಭಾರದ್ದು ನಿಲ್ಲುವುದು ಇಲ್ಲೇ. ತುಕ್ಕು ಹಿಡಿದ ಮೊಳೆ, ಬೋಲ್ಟು ಕಂಡರೆ ಖುಷಿಪಡಿ. ಲೈಮ್ ರೀಜಿಸ್‌ನ ಹಳೆಯ ಕಸದ ಗುಡ್ಡೆ ಕುಸಿದು ಸಮುದ್ರ ಸೇರಿದ್ದರಿಂದ ಕಬ್ಬಿಣದ ಚೂರುಗಳು ಈ ದಂಡೆಯಲ್ಲಿವೆ. ಮೊಳೆಯನ್ನು ಬಿಟ್ಟುಹೋದ ಅಲೆ ಪೈರೈಟನ್ನೂ ಅಲ್ಲೇ ಬಿಟ್ಟಿರುತ್ತದೆ. ಗಾಜಿನ ಚೂರೂ ಇರುವುದರಿಂದ ಬರಿಗೈಯಲ್ಲಿ ಗೀರಬೇಡಿ.

ಹಾಗೊಂದು ಜಾಗ ಸಿಕ್ಕಿದ ಮೇಲೆ ನಡೆಯುವುದನ್ನು ನಿಲ್ಲಿಸಬೇಕು. ತೋಟದ ಕೆಲಸಕ್ಕೆ ಮಾರುವ ದಪ್ಪ ಫೋಮ್ ಹಾಸು ಹಾಕಿ ಮಂಡಿಯೂರಿ, ಎರಡು ಅಡಿ ಉದ್ದ ಎರಡು ಅಡಿ ಅಗಲದ ಚೌಕಕ್ಕೆ ಹತ್ತು ನಿಮಿಷ ಕೊಡಿ. ಜಲ್ಲಿ ಒದ್ದೆಯಾಗಿರಬೇಕು, ಒಣಗಿದರೆ ಎಲ್ಲವೂ ಒಂದೇ ಬೂದು. ಕಣ್ಣು ಹುಡುಕಬೇಕಾದದ್ದು ಹೊಳಪನ್ನಲ್ಲ, ಕ್ರಮವನ್ನು. ಆಕಾರವಿಲ್ಲದ ಪೈರೈಟ್ ಉಂಡೆಗಳೂ ಧಾರಾಳ ಹೊಳೆಯುತ್ತವೆ. ಸಮ ಅಂತರದ ಏಣುಗಳು ಒಂದು ಸುರುಳಿಯಲ್ಲಿ ತಿರುಗಿದ್ದರೆ ಅದು ಅಮೋನೈಟ್. ಮಠದಲ್ಲೋ ಮನೆಯ ದೇವರ ಪೆಟ್ಟಿಗೆಯಲ್ಲೋ ಸಾಲಿಗ್ರಾಮದ ಚಕ್ರ ನೋಡಿ ಬೆಳೆದವರಿಗೆ ಈ ಗುರುತು ಬೇಗ ಹತ್ತುತ್ತದೆ. ನೇಪಾಳದ ಗಂಡಕಿಯ ಆ ಕಪ್ಪು ಕಲ್ಲುಗಳಲ್ಲಿರುವ ಚಕ್ರವೂ ಅಮೋನೈಟ್‌ನದೇ, ಅವೂ ಜುರಾಸಿಕ್ ಕಾಲದವು. ಚಾರ್ಮತ್‌ನವು ಆ ಕಾಲದ ಆರಂಭದವು, ಸುಮಾರು 19 ಕೋಟಿ ವರ್ಷ ಹಿಂದಿನವು. ಇಲ್ಲಿ ಸಿಗುವವು ಸಾಮಾನ್ಯವಾಗಿ ಒಂದರಿಂದ ಮೂರು ಸೆಂಟಿಮೀಟರ್, ಒಮ್ಮೊಮ್ಮೆ ಹೆಸರುಕಾಳಿಗಿಂತ ಸ್ವಲ್ಪ ದೊಡ್ಡವು.

ಅಮೋನೈಟ್ ಸಿಗದ ದಿನವೂ ಬೆಲೆಮ್ನೈಟ್ ಸಿಗುತ್ತದೆ, ಹೆಚ್ಚಾಗಿ ಪೂರ್ವಕ್ಕೆ, ಸ್ಟೋನ್‌ಬ್ಯಾರೋ ಗುಡ್ಡದ ಕಡೆ. ಬಂದೂಕಿನ ಗುಂಡಿನಂತಿರುವ ಇದು ಸ್ಕ್ವಿಡ್, ಅಂದರೆ ಬೊಂಡಾಸ್ ಮೀನಿನ ಬಂಧುವಿನ ಒಳಕವಚ. ಮುರಿದ ತುದಿಯಲ್ಲಿ ನಡುವಿನಿಂದ ಸುತ್ತಲೂ ಚಾಚಿದ ಗೆರೆಗಳಿದ್ದರೆ ಸಂಶಯ ಬೇಡ. ಕೆಲವೇ ಮಿಲಿಮೀಟರಿನ ಐದು ಮೂಲೆಯ ನಕ್ಷತ್ರ ಕಂಡರೆ ಅದು ಕ್ರಿನಾಯ್ಡ್ ಎಂಬ, ಗಿಡದಂತೆ ಕಾಣುವ ಸಮುದ್ರಜೀವಿಯ ಕಾಂಡದ ಬಿಲ್ಲೆ. ಎರಡೂ ಮುಖ ತಗ್ಗಾಗಿರುವ ಕಪ್ಪು, ಭಾರದ ಬಿಲ್ಲೆ ಇಕ್ತಿಯೊಸಾರ್ ಎಂಬ ಮೀನಿನಾಕಾರದ ಸಮುದ್ರ ಸರೀಸೃಪದ ಬೆನ್ನೆಲುಬಿನ ತುಂಡಾಗಿರಬಹುದು. ದನದ ಎಲುಬೂ ಅಲ್ಲಿ ಬಿದ್ದಿರುತ್ತದೆ. ಅದು ಹಗುರ, ಬಣ್ಣ ತಿಳಿ.

ಸುತ್ತಿಗೆ ಬೇಕಾಗುವುದು ಒಂದಕ್ಕೇ: ದಂಡೆಯಲ್ಲಿ ಬಿಡಿಯಾಗಿ ಬಿದ್ದ ಬೂದು ಸುಣ್ಣಕಲ್ಲಿನ ಉಂಡೆಗಳಿಗೆ. ಮೊದಲು ಅಂಚನ್ನು ಸುತ್ತಲೂ ನೋಡಿ, ಸುರುಳಿಯ ಹೊರಮೈ ಗೆರೆಯಾಗಿ ಇಣುಕಿದ್ದರೆ ಮಾತ್ರ ಒಡೆಯಿರಿ. ದೊಡ್ಡ ಬಂಡೆಯ ಮೇಲಿಟ್ಟು ನಡುವಿಗಲ್ಲ, ಅಂಚಿಗೆ ಹೊಡೆಯಬೇಕು. ಭೂವಿಜ್ಞಾನದವರು ಬಳಸುವ ಸುತ್ತಿಗೆಯೇ ಆಗಬೇಕು. ಮೊಳೆ ಹೊಡೆಯುವ ಮನೆಯ ಸುತ್ತಿಗೆಯ ಉಕ್ಕು ಚೂರಾಗಿ ಸಿಡಿಯುತ್ತದೆ. ಕಣ್ಣಿಗೆ ಗಾಗಲ್ಸ್ ಇಲ್ಲದೆ ಒಂದೇಟೂ ಬೇಡ. ಕಂದು ಬಣ್ಣದ ನುಣುಪಾದ ಚಕಮಕಿ ಕಲ್ಲಿಗೆ ಹೊಡೆಯಲೇಬೇಡಿ, ಗಾಜಿನಂತೆ ಸಿಡಿಯುತ್ತದೆ, ಒಳಗೆ ನಿಮಗೆ ಬೇಕಾದದ್ದೂ ಇರುವುದಿಲ್ಲ.

ಋತುವಿನ ಮಾತು ಬೇಗ ಮುಗಿಸುತ್ತೇನೆ. ನವೆಂಬರ್‌ನಿಂದ ಮಾರ್ಚ್‌ವರೆಗೆ ಬಿರುಗಾಳಿ ದಂಡೆಯನ್ನು ತಿರುವಿಹಾಕುವುದರಿಂದ ಸಿಗುವುದು ಹೆಚ್ಚು. ಡಿಸೆಂಬರ್‌ನಲ್ಲಿ ನಾಲ್ಕು ಗಂಟೆ ದಾಟುತ್ತಿದ್ದಂತೆ ಸೂರ್ಯ ಮುಳುಗುತ್ತಾನೆ ಎಂಬುದು ನೆನಪಿರಲಿ. ಲಂಡನ್ ವಾಟರ್‌ಲೂ ನಿಲ್ದಾಣದಿಂದ ಆಕ್ಸ್‌ಮಿನ್‌ಸ್ಟರ್‌ಗೆ ರೈಲಿನಲ್ಲಿ ಮೂರು ಗಂಟೆಗೆ ಸ್ವಲ್ಪ ಕಡಿಮೆ, ಅಲ್ಲಿಂದ ಬಸ್ಸು. ಭಾನುವಾರ ಹಳ್ಳಿ ಬಸ್ಸುಗಳು ವಿರಳ, ಶನಿವಾರವೇ ವಾಸಿ. ಉದ್ದ ಗಂಬೂಟು, ಗಾಳಿ ತಡೆಯುವ ಜಾಕೆಟ್, ರಬ್ಬರ್ ಕೈಗವಸು, ಹತ್ತಿ ಹಾಕಿದ ನಾಲ್ಕೈದು ಮಾತ್ರೆ ಡಬ್ಬಿ, ತಣ್ಣಗಿದ್ದರೂ ರುಚಿ ಕೆಡದ ಪುಳಿಯೋಗರೆ: ಚೀಲದಲ್ಲಿ ಇಷ್ಟು ಸಾಕು.

ದಂಡೆಯ ಪಕ್ಕದ ಹಳೆಯ ಸಿಮೆಂಟ್ ಕಾರ್ಖಾನೆಯ ಕಟ್ಟಡದಲ್ಲಿ ಚಾರ್ಮತ್ ಹೆರಿಟೇಜ್ ಕೋಸ್ಟ್ ಸೆಂಟರ್ ಇದೆ. ಒಳಗೆ ಹೋಗಲು ಹಣವಿಲ್ಲ, ಸಿಕ್ಕದ್ದನ್ನು ತೋರಿಸಿದರೆ ಏನೆಂದು ಹೇಳುತ್ತಾರೆ. ಹಣ ಕೊಟ್ಟು ಕಾದಿರಿಸಬಹುದಾದ ಮಾರ್ಗದರ್ಶಿ ನಡಿಗೆಯೂ ಇದೆ. ಮೊದಲ ಸಲ ಬರುವವರು ಅದನ್ನೇ ಆರಿಸಿಕೊಳ್ಳಿ, ಗುರುತಿಸುವ ಕಣ್ಣು ಒಂದೇ ದಿನದಲ್ಲಿ ಬರುತ್ತದೆ. ಬಿಡಿಯಾಗಿ ಬಿದ್ದದ್ದನ್ನು ಒಯ್ಯಬಹುದು. ವೈಜ್ಞಾನಿಕವಾಗಿ ಮುಖ್ಯ ಎನಿಸಿದ್ದನ್ನು ಮಾತ್ರ ಅಲ್ಲಿ ನೋಂದಾಯಿಸಬೇಕು. ಲೈಮ್ ರೀಜಿಸ್‌ನ ಪಶ್ಚಿಮಕ್ಕೆ, ಮನ್‌ಮತ್ ದಂಡೆಯ ಹಾಸುಬಂಡೆಯಲ್ಲಿ ಊಟದ ತಟ್ಟೆಗಿಂತ ದೊಡ್ಡ ಅಮೋನೈಟ್‌ಗಳಿವೆ, ಅವನ್ನು ನೋಡಿ ಬರಬೇಕು, ಕೀಳಲು ಹೋಗಬಾರದು.

ಮನೆಗೆ ತಂದ ಮೇಲೆ ಬಹಳ ಜನ ಕೈಬಿಡುವುದು ಇಲ್ಲಿಯೇ. ಪೈರೈಟ್ ಅಮೋನೈಟನ್ನು ಹಾಗೇ ಶೋಕೇಸಿನಲ್ಲಿಟ್ಟರೆ ಕೆಲವು ತಿಂಗಳಿಗೋ ವರ್ಷಕ್ಕೋ ಬಿಳಿ-ಹಳದಿ ಪುಡಿ ಏಳುತ್ತದೆ, ಗಂಧಕದ ವಾಸನೆ ಬರುತ್ತದೆ, ಕೊನೆಗೆ ಬಿರುಕು ಬಿಟ್ಟು ಉದುರುತ್ತದೆ. ಗಾಳಿಯ ತೇವ ಮತ್ತು ಆಮ್ಲಜನಕ ಸೇರಿ ಪೈರೈಟನ್ನು ಆಮ್ಲವಾಗಿಸುವುದೇ ಕಾರಣ. ಮೊದಲು ಸಿಹಿನೀರಿನಲ್ಲಿ ಎರಡು-ಮೂರು ದಿನ ನೆನೆಸಿ, ನೀರನ್ನು ದಿನವೂ ಬದಲಿಸಿ, ಉಪ್ಪು ಹೋಗಲಿ. ಹಳೆಯ ಟೂತ್‌ಬ್ರಷ್‌ನಿಂದ ಉಜ್ಜಿ. ಬೆಚ್ಚಗಿನ ಜಾಗದಲ್ಲಿ ಪೂರ್ತಿ ಒಣಗಿಸಿ. ಆಮೇಲೆ ಗಾಳಿಯಾಡದ ಡಬ್ಬಿಯಲ್ಲಿ, ಚಪ್ಪಲಿ ಪೆಟ್ಟಿಗೆಗಳಲ್ಲಿ ಬರುವಂಥ ಸಿಲಿಕಾ ಜೆಲ್ ಪೊಟ್ಟಣದ ಜತೆ ಮುಚ್ಚಿಡಿ, ಪೊಟ್ಟಣವನ್ನು ಆಗಾಗ ಬದಲಿಸಿ. ವಾರ್ನಿಷ್ ಬಳಿದರೆ ಹೊಳಪು ಬರುತ್ತದೆ, ಕೊಳೆಯುವುದು ನಿಲ್ಲುವುದಿಲ್ಲ. ಬೆಲೆಮ್ನೈಟ್ ಕ್ಯಾಲ್ಸೈಟ್‌ನದಾದ್ದರಿಂದ ಈ ಕಾಟವಿಲ್ಲ, ಆದರೆ ವಿನೆಗರ್ ಹಾಕಿ ತೊಳೆದರೆ ಕರಗುತ್ತದೆ. ಮಂಗಳೂರಿನಲ್ಲೋ ಉಡುಪಿಯಲ್ಲೋ ಇರುವವರಿಗೆ ಉಡುಗೊರೆ ಕೊಡುವುದಾದರೆ ಬೆಲೆಮ್ನೈಟನ್ನೇ ಕೊಡಿ. ಅಲ್ಲಿಯ ಮಳೆಗಾಲದ ತೇವದಲ್ಲಿ ಪೈರೈಟ್ ಹೆಚ್ಚು ದಿನ ಬಾಳುವುದಿಲ್ಲ.